ಹತ್ತಿ ಅಂಗಡಿಯ ಪಾಷಾ

ನಮ್ಮ ಹತ್ತಿ ಅಂಗಡಿಯಲ್ಲಿ ಪ್ರತಿ ವರ್ಷ ಒಬ್ಬರನ್ನು ಪಾಷಾ ಮಾಡುತ್ತಾರೆ. ಹೋದ ಸುಗ್ಗಿಯವರೆಗೆ, ಐದು ವರ್ಷ, ಆ ಪಾಷಾ ನನ್ನ ತಮ್ಮನ ಹೆಂಡತಿ. ಇಷ್ಟು ಬರೆಯುವಷ್ಟರಲ್ಲೇ ಎರಡು ಸಲ ಹೊಡೆದುಹಾಕಿದೆ. ಅಂದಮೇಲೆ ಮುಂದಿನದನ್ನೂ ಮುಚ್ಚುಮರೆ ಇಲ್ಲದೆ ಬರೆದುಬಿಡುವುದೇ ಒಳ್ಳೆಯದು.

ಕನ್ನಡ, ತೆಲುಗು ಎರಡೂ ಆಡುವ ನಮ್ಮ ಆದೋನಿಯಲ್ಲಿ ನಿಂತು ಪಾಷಾ ಎಂದು ಕೂಗಿದರೆ ಹತ್ತು ಜನ ತಿರುಗಿ ನೋಡುತ್ತಾರೆ. ಪಂಕ್ಚರ್ ಅಂಗಡಿಯಲ್ಲಿ ಒಬ್ಬ, ಆಟೋ ಸ್ಟ್ಯಾಂಡಿನಲ್ಲಿ ಇಬ್ಬರು, ಹೂವಿನ ಅಂಗಡಿಯಲ್ಲಿ ಇನ್ನೊಬ್ಬ. ಚಿಕ್ಕವಳಿದ್ದಾಗ ಅದು ಬರೀ ಹೆಸರು ಎಂದುಕೊಂಡಿದ್ದೆ. ನಮ್ಮ ಅಂಗಡಿಗೆ ಆ ಮಾತು ಬಂದದ್ದು ಅಪ್ಪನಿಗೆ ಕಸುಬು ಕಲಿಸಿದ ಒಬ್ಬ ಹಿರಿಯರಿಂದ. ದಖನಿ ಉರ್ದು ಮಾತಾಡುತ್ತಿದ್ದ ಅವರು ಹತ್ತಿಯ ಗುಣ ನೋಡುವುದರಲ್ಲಿ ಊರಿಗೇ ಮೊದಲಿಗರು. ಚಿಟಿಕೆ ಹತ್ತಿಯನ್ನು ಎರಡು ಹೆಬ್ಬೆರಳುಗಳ ನಡುವೆ ಹಿಡಿದು ಎಳೆಯುವರು, ಎಳೆಯ ಮೇಲೆ ಎಳೆ ಜೋಡಿಸುವರು, ಮೊಣಕಾಲ ಮೇಲಿನ ಕಪ್ಪು ಬಟ್ಟೆಗೆ ಒತ್ತಿ ಇದು ಇಷ್ಟು ಮಿಲಿಮೀಟರ್ ಉದ್ದ ಎನ್ನುವರು. ಎಳೆ ಉದ್ದ ಇದ್ದಷ್ಟೂ ಹತ್ತಿಗೆ ಬೆಲೆ. ಅವರ ಮಾತನ್ನು ಯಾರೂ ಎರಡನೇ ಸಲ ಅಳೆದು ನೋಡುತ್ತಿರಲಿಲ್ಲ. ಮಂಡಿಯವರೆಲ್ಲ ಅವರನ್ನು ಪಾಷಾ ಎಂದೇ ಕರೆಯುತ್ತಿದ್ದರು.

ಅವರು ತೀರಿಕೊಂಡ ಮೇಲೆ ಆ ಕೂಗು ಕೇಳದೆ ಅಪ್ಪನಿಗೆ ಅಂಗಡಿ ಬಿಕೋ ಎನ್ನಿಸಿತಂತೆ. ಅದಕ್ಕೇ ಒಂದು ಪದ್ಧತಿ ಮಾಡಿದರು. ಸುಗ್ಗಿಗೆ ಮುಂಚೆ ಹತ್ತಿಯ ಒಂದು ಮಾದರಿಯನ್ನು ನೀಲಿ ಕಾಗದದಲ್ಲಿ ಕಟ್ಟಿಡುವುದು, ಅದರಲ್ಲೇ ಒಂದು ಹಿಡಿ ಪ್ರಯೋಗಾಲಯದ ಯಂತ್ರಕ್ಕೆ ಕಳಿಸುವುದು. ಆಮೇಲೆ ಅಂಗಡಿಯವರು ಒಬ್ಬೊಬ್ಬರಾಗಿ ಎಳೆ ತೆಗೆದು ಅಳತೆ ಹೇಳಬೇಕು. ಬಾಯಿಂದಲ್ಲ, ಅಪ್ಪನ ತೊಡೆಯ ಮೇಲಿನ ಟವಲಿನ ಕೆಳಗೆ ಕೈ ತೂರಿಸಿ, ಅಪ್ಪನ ಅಂಗೈಯನ್ನು ಬೆರಳುಗಳಿಂದ ಒತ್ತಿ. ಹಿಂದೆ ಮಂಡಿಯ ಬೆಲೆಯೆಲ್ಲ ಹೀಗೆ ಟವಲಿನ ಕೆಳಗೇ ಕುದುರುತ್ತಿತ್ತು. ಈಗ ಮಂಡಿಯಲ್ಲಿ ಕಂಪ್ಯೂಟರ್ ಟೆಂಡರ್ ಬಂದಿದೆ, ಟವಲು ನಮ್ಮ ಅಂಗಡಿಯಲ್ಲಿ ಮಾತ್ರ ಉಳಿದಿದೆ. ಇಪ್ಪತ್ತರ ಮೇಲಿನದನ್ನಷ್ಟೇ ಒತ್ತಿದರೆ ಸಾಕು. ಐದು ಬೆರಳು ಒತ್ತಿ ಮತ್ತೆ ಮೂರು ಒತ್ತಿದರೆ ಇಪ್ಪತ್ತೆಂಟು.

ಯಂತ್ರದ ಲೆಕ್ಕಕ್ಕೆ ಯಾರದು ಸರಿಹೊಂದುತ್ತದೋ ಅವರು ಆ ಸುಗ್ಗಿಯ ಪಾಷಾ. ಗಾದಿಯ ಮೇಲೆ ಅಪ್ಪನ ಬಲಗಡೆ ಅವರ ಜಾಗ. ಬಂದ ಹತ್ತಿಯ ಮೊದಲ ಎಳೆ ಅವರೇ ತೆಗೆಯಬೇಕು. ಹಮಾಲರಿಂದ ಹಿಡಿದು ಅಪ್ಪನವರೆಗೆ ಎಲ್ಲರೂ ಅವರನ್ನು ಪಾಷಾ ಎಂದೇ ಮಾತಾಡಿಸಬೇಕು. ಇಬ್ಬರ ಅಳತೆಯೂ ಸರಿಯಾದರೆ ಹೋದ ವರ್ಷದವರೇ ಮುಂದುವರಿಯುತ್ತಾರೆ.

ನಾನು ಆ ಅಂಗಡಿಯ ಹತ್ತಿ ಮೂಟೆಗಳ ಮೇಲೆ ಮಲಗಿ ಬೆಳೆದವಳು. ಮದುವೆಯಾಗಿ ಹೋದದ್ದೂ ಎರಡು ಬೀದಿ ಆಚೆಗೆ. ದಿನಾ ಬೆಳಿಗ್ಗೆ ಬಂದು ಟೆಂಡರಿನ ಕಂಪ್ಯೂಟರ್ ಕೆಲಸ ನೋಡುವವಳೂ ನಾನೇ. ಆದರೂ ಒಂದು ವರ್ಷವೂ ಪಾಷಾ ಆಗಲಿಲ್ಲ. ನಾನು ಎಳೆದರೆ ಎಳೆ ಹರಿಯುತ್ತದೆ. ಹಳೇ ಗುಮಾಸ್ತರು ಇದ್ದಷ್ಟು ದಿನ ಅವರೇ ಆಗುತ್ತಿದ್ದರು, ಅದಕ್ಕೆ ನನ್ನ ತಕರಾರಿರಲಿಲ್ಲ. ತಮ್ಮನಿಗೆ ಲಾರಿ, ಡ್ರೈವರು, ಡೀಸೆಲ್ಲು ಇಷ್ಟೇ ಪ್ರಪಂಚ. ಗುಮಾಸ್ತರು ಕೆಲಸ ಬಿಟ್ಟ ಮೇಲೆ ಇನ್ನು ನನ್ನ ಸರದಿ ಎಂದು ಕೂತಿದ್ದೆ.

ಅಷ್ಟರಲ್ಲಿ ಬಂದಳು ತಮ್ಮನ ಹೆಂಡತಿ, ಮದ್ದಿಕೇರ ಕಡೆಯ ರೈತರ ಮನೆಯ ಹುಡುಗಿ. ಒಂದು ದಿನ ಅಪ್ಪನಿಗೆ ಊಟದ ಡಬ್ಬಿ ತಂದವಳು, ಅಪ್ಪ ತಿನ್ನುವವರೆಗೆ ಸುಮ್ಮನೆ ಕೂರಲಾರದೆ ಪಕ್ಕದ ಹತ್ತಿಯನ್ನು ಎಳೆದು, "ಇದು ಇಪ್ಪತ್ತೊಂಬತ್ತು ಬರ್ತೈತೇನ್ರಿ ಮಾವಾರ?" ಎಂದಳು. ಅಪ್ಪನ ಕೈಯ ತುತ್ತು ಅಲ್ಲೇ ನಿಂತಿತು. ಆ ತುತ್ತು ನಿಂತ ರೀತಿ ನನಗೆ ಇವತ್ತಿಗೂ ಕಣ್ಣಿಗೆ ಕಟ್ಟಿದಂತಿದೆ. ನಾನು ಡಿಗ್ರಿ ಪಾಸಾದಾಗಲೂ ಅಪ್ಪ ಊಟ ನಿಲ್ಲಿಸಿರಲಿಲ್ಲ.

"ಆಕಿ ಕೈಯಾಗ ಐತವ್ವ ಅದು, ಕಲ್ತದ್ದಲ್ಲ," ಎಂದು ಅಪ್ಪ ನನಗೇ ಹೇಳಿದರು, ನಾನೂ ಖುಷಿಪಡಬೇಕು ಎನ್ನುವ ಹಾಗೆ.

ಆ ಸುಗ್ಗಿಯಿಂದ ಅವಳೇ ಪಾಷಾ. ಹಮಾಲರು "ಪಾಷಾ ಬಂದ್ರು, ಜರಗಂಡಿ ಜರಗಂಡಿ" ಎಂದು ದಾರಿ ಬಿಡುವುದೇನು, ಅಪ್ಪ "ಪಾಷಾಗ ಒಂದು ಚಹಾ ಹೇಳ್ರಿ" ಎನ್ನುವುದೇನು! ಅವಳು ಮೆರೆದಿದ್ದರೆ ನನಗೆ ಬಯ್ಯಲಿಕ್ಕಾದರೂ ಒಂದು ನೆಪ ಸಿಗುತ್ತಿತ್ತು. ಮೆರೆಯಲೂ ಇಲ್ಲ. ಬಂದ ಚಹಾದಲ್ಲಿ ಅರ್ಧ ನನಗೇ ಬಸಿದು ಕೊಡುತ್ತಿದ್ದಳು. ಬೇಡ ಎಂದರೆ ಸಣ್ಣವಳಾಗುತ್ತೇನೆ, ಕುಡಿದರೆ ಅವಳ ಋಣಕ್ಕೆ ಬೀಳುತ್ತೇನೆ.

ಕೊನೆಗೆ ಆ ಬಿರುದಿನ ಬುಡವನ್ನೇ ಹಿಡಿಯೋಣ ಎಂದು ಹೊರಟೆ. ಫೋನಿನಲ್ಲಿ ಓದಿದೆ, ಊರ ಗ್ರಂಥಾಲಯದಲ್ಲೂ ಕೂತು ಹಳೆಯ ಚರಿತ್ರೆ ಪುಸ್ತಕ ತಿರುವಿದೆ. ಪಾಷಾ ತುರ್ಕಿಯ ಬಿರುದು. ಅಲ್ಲಿನ ಸುಲ್ತಾನರು ದಂಡನಾಯಕರಿಗೂ ಪ್ರಾಂತಗಳ ಅಧಿಕಾರಿಗಳಿಗೂ ಕೊಡುತ್ತಿದ್ದರು, ಹೆಸರಿನ ಮುಂದಲ್ಲ, ಹಿಂದೆ ಸೇರಿಸಿ ಕರೆಯುತ್ತಿದ್ದರು. ಪಾದಶಹಾ, ಎಂದರೆ ನಮ್ಮ ಬಾದಶಹ, ಎಂಬ ಮಾತು ಸವೆದು ಪಾಷಾ ಆಯಿತು ಎನ್ನುವವರಿದ್ದಾರೆ, ತಲೆ ಎಂಬ ಅರ್ಥದ ತುರ್ಕಿ ಮಾತಿಗೆ ಯಜಮಾನ ಎಂಬ ಅರ್ಥದ ಅಗಾ ಸೇರಿ ಆಯಿತು ಎನ್ನುವವರೂ ಇದ್ದಾರೆ. ಪಂಡಿತರಲ್ಲೇ ಒಮ್ಮತವಿಲ್ಲ. ಹೋದ ಶತಮಾನದಲ್ಲಿ ಆ ದೇಶದವರೇ ಕಾನೂನು ಮಾಡಿ ಅದನ್ನು ತೆಗೆದುಹಾಕಿದರಂತೆ. ಅಲ್ಲಿ ತೆಗೆದದ್ದು ಆದೋನಿಯಲ್ಲಿ ಟೈರು ತಿದ್ದುತ್ತಿದೆ, ನಮ್ಮ ಅಂಗಡಿಯಲ್ಲಿ ಚಹಾ ಕುಡಿಯುತ್ತಿದೆ.

ಮಾರನೇ ದಿನ ಎಲ್ಲರೂ ಇರುವಾಗಲೇ ಅಂಗಡಿಯಲ್ಲಿ ಬಾಯಿ ತೆಗೆದೆ. "ಅಪ್ಪ, ಪಾಷಾ ಅಂದ್ರ ದಂಡಿನ ದೊಡ್ಡೋರಿಗೆ ಕೊಡೋ ಬಿರುದು. ಹೆಣ್ಮಕ್ಕಳಿಗೆ ಕೊಡೋದಲ್ಲ ಅದು."

ತಮ್ಮನ ಹೆಂಡತಿ ಹತ್ತಿಯಲ್ಲಿನ ಎಲೆಚೂರು ಆರಿಸುತ್ತಿದ್ದಳು. ತಲೆ ಎತ್ತದೆಯೇ, "ಹಂಗಾದ್ರ ನಿಮಗೂ ಬರಂಗಿಲ್ಲಲ್ರೀ ಅಕ್ಕಾರ," ಎಂದಳು. ಹಮಾಲರು ಗೊಳ್ಳೆಂದು ನಕ್ಕರು. ಒಬ್ಬನಂತೂ "ಪಾಯಿಂಟೇ ಕದಾ!" ಎಂದು ಚಪ್ಪಾಳೆ ತಟ್ಟಿದ.

ಅಪ್ಪನಿಗೆ ಕಥೆ ಎಂದರೆ ಪ್ರಾಣ. "ಮತ್ತೇನೇನು ಓದಿದಿ, ಹೇಳವ್ವ," ಎಂದರು. ನಾನು ಕುದುರೆಬಾಲದ ಸಂಗತಿ ಹೇಳಿದೆ. ಪಾಷಾ ಹೊರಟರೆ ಅವನ ಮುಂದೆ ಕೋಲಿಗೆ ಕಟ್ಟಿದ ಕುದುರೆಬಾಲ ಹಿಡಿದು ನಡೆಯುತ್ತಿದ್ದರಂತೆ. ಸಣ್ಣ ಪಾಷಾಗೆ ಒಂದು ಬಾಲ, ಅವನಿಗಿಂತ ದೊಡ್ಡವನಿಗೆ ಎರಡು, ಎಲ್ಲರಿಗಿಂತ ದೊಡ್ಡವನಿಗೆ ಮೂರು. "ನಮ್ಮ ಪಾಷಾಗ ಎಷ್ಟು ಬಾಲ ಕಟ್ಟೋಣು ಹಂಗಾದ್ರ?" ಎಂದು ಅಪ್ಪ ಸೊಸೆಯನ್ನು ನೋಡಿ ನಕ್ಕರು. ಅವಳ ಬಾಲ ಕತ್ತರಿಸಲು ಹೋಗಿ ನಾನೇ ಇನ್ನೆರಡು ಕಟ್ಟಿ ಬಂದೆ.

ಇನ್ನೆರಡು ಸಂಗತಿಗಳನ್ನು ಮಾತ್ರ ಹೇಳಲಿಲ್ಲ. ಆ ಬಿರುದು ವಂಶಕ್ಕೆ ಬರುತ್ತಿರಲಿಲ್ಲ. ಅಪ್ಪ ಪಾಷಾ ಆಗಿದ್ದರೆ ಮಕ್ಕಳಿಗೆ ಅದು ತಾನಾಗಿ ಸಿಗದು, ಅವರವರಿಗೆ ಬೇರೆಯಾಗಿಯೇ ಕೊಡಬೇಕು. ಎರಡನೆಯದು ಇನ್ನೂ ಉರಿ. ತುರ್ಕಿಯ ಆ ದಂಡನಾಯಕರ ಬಿರುದು ನಮ್ಮ ದಖನ್ನಿಗೆ ಬಂದ ಮೇಲೆ, ಹೈದರಾಬಾದಿನ ಅರಮನೆಗಳಲ್ಲಿ ಅದರಿಂದ ಯಾರನ್ನು ಕರೆಯುತ್ತಿದ್ದರು ಗೊತ್ತೇ? ಮನೆಗೆ ಬಂದ ಸೊಸೆಯನ್ನು! ದುಲ್ಹನ್ ಪಾಷಾ ಎಂದು! ಓದಿದವಳೇ ಫೋನನ್ನು ಬೋರಲು ಹಾಕಿ ಎದ್ದುಹೋದೆ.

ಈ ವರ್ಷ ಯಂತ್ರದ ಫಲಿತಾಂಶ ನನ್ನ ಫೋನಿಗೇ ಬಂತು, ಟೆಂಡರ್ ಕೆಲಸಕ್ಕೆ ನನ್ನ ನಂಬರನ್ನೇ ಕೊಟ್ಟಿದ್ದರಿಂದ. ಇಪ್ಪತ್ತೊಂಬತ್ತು. ಪರೀಕ್ಷೆ ಇನ್ನೂ ಆಗಿರಲಿಲ್ಲ. ನನಗೆ ಉತ್ತರ ಗೊತ್ತಾಯಿತು, ಆದರೆ ಅಷ್ಟೇ ಸಾಲದು. ಅವಳೂ ಇಪ್ಪತ್ತೊಂಬತ್ತನ್ನೇ ಒತ್ತುತ್ತಾಳೆ, ಒತ್ತಿದರೆ ಮತ್ತೆ ಅವಳೇ ಪಾಷಾ. ಅವಳು ತಪ್ಪಬೇಕು. ನನ್ನ ತಲೆಯಲ್ಲಿ ಆಗ ಇದ್ದದ್ದು ಅದೊಂದೇ. ಬೇರೆ ಮೂಟೆಯಿಂದ ಗಿಡ್ಡ ಎಳೆಯ ಒಂದು ಹಿಡಿ ಹತ್ತಿ ತೆಗೆದು ಸೆರಗಿನಲ್ಲಿ ಇಟ್ಟುಕೊಂಡೆ.

ಈ ಸಲ ಕೈ ಹಾಕಿದವರು ನಾವಿಬ್ಬರೇ. ಮೊದಲು ನಾನು. ಎಳೆ ಎಳೆದಂತೆ ಮಾಡಿ, ಟವಲಿನ ಕೆಳಗೆ ಕೈ ತೂರಿಸಿ, ಐದು ಒತ್ತಿ ನಾಲ್ಕು ಒತ್ತಿದೆ. ಅಪ್ಪನ ಅಂಗೈ ಬೆಚ್ಚಗಿತ್ತು. ಎಷ್ಟೋ ವರ್ಷಗಳಿಂದ ಆ ಕೈಯನ್ನು ವರ್ಷಕ್ಕೊಮ್ಮೆ ಹೀಗೆ ಮಾತ್ರ ಹಿಡಿಯುತ್ತೇನೆ. ಅಷ್ಟರಲ್ಲಿ ಯಾರೋ ರೈತರು ಬಾಗಿಲಲ್ಲಿ ನಿಂತು ಅಪ್ಪನನ್ನು ಮಾತಾಡಿಸಿದರು, ತಮ್ಮನ ಹೆಂಡತಿ ಕೈ ತೊಳೆಯಲು ಎದ್ದಿದ್ದಳು. ನೀಲಿ ಕಾಗದದೊಳಗಿನ ಹತ್ತಿ ನನ್ನ ಸೆರಗಿಗೆ ಬಂತು, ಸೆರಗಿನದು ಕಾಗದಕ್ಕೆ ಹೋಯಿತು.

ಅವಳು ಬಂದು ಎಳೆದಳು. ಮೊಣಕಾಲ ಮೇಲಿನ ಕಪ್ಪು ಬಟ್ಟೆಗೆ ಒತ್ತಿದಳು. ಇನ್ನೊಮ್ಮೆ ಎಳೆದಳು. ತಲೆ ಎತ್ತಿ ನನ್ನ ಮುಖ ನೋಡಿದಳು, ಬಯ್ಯುವ ನೋಟವಲ್ಲ, ಮೈ ಹುಷಾರಿಲ್ಲದವರನ್ನು ನೋಡುವ ಹಾಗೆ. ಆಮೇಲೆ ಟವಲಿನ ಕೆಳಗೆ ಕೈ ಇಟ್ಟಳು. ಪದ್ಧತಿಯಂತೆ ಕೊನೆಗೆ ಅಪ್ಪನೂ ಒಂದು ಎಳೆ ತೆಗೆದರು. ಬಟ್ಟೆಗೆ ಒತ್ತಿ, ಆ ಎಳೆಯನ್ನು ಊದಿ ಹಾರಿಸಿ, ಕಾಗದ ಮಡಚಿಟ್ಟರು.

"ಫೋನಿನಾಗ ಏನ್ ಬಂದೈತಿ?" ಎಂದು ಕೇಳಿದರು. ಇಪ್ಪತ್ತೊಂಬತ್ತು ಎಂದೆ.

"ಸರಿ. ಈ ವರ್ಷ ನನ್ನ ಮಗಳು ಪಾಷಾ."

ವಯಸ್ಸಾಯಿತು, ಅಪ್ಪನ ಕೈಗೆ ಈಗ ಅಷ್ಟು ತಿಳಿಯುವುದಿಲ್ಲ ಎಂದುಕೊಂಡೆ. ನಾಚಿಕೆ ಆಗಲಿಲ್ಲ, ನಿಜ ಹೇಳುತ್ತೇನೆ. ಮನೆಗೆ ಹೋಗಿ ಪಾಯಸ ಮಾಡಿದೆ. ಅದು ಯಾಕೆಂದು ಗಂಡ ಕೇಳಿದರೆ ಸುಮ್ಮನೆ ಎಂದೆ.

ಸುಗ್ಗಿಯ ಮೊದಲ ದಿನ ಹೊಸ ಸೀರೆ ಉಟ್ಟು ಹೋದೆ. ಹಮಾಲರು ದಾರಿ ಬಿಟ್ಟರು. ಅಪ್ಪನ ಬಲಗಡೆ ಕೂತೆ. ತಮ್ಮನ ಹೆಂಡತಿ ಏನೂ ಆಗದವಳಂತೆ ಎಡಗಡೆಗೆ ಸರಿದಳು. ಪಕ್ಕದ ಅಂಗಡಿಗಳ ಸಾಹುಕಾರರು ಬಂದಿದ್ದರು, ಆಸ್ಪರಿ ಕಡೆಯಿಂದ ಮೊದಲ ಹತ್ತಿ ಬಂದಿತ್ತು. ತಂದ ರೈತ ಎದುರಿಗೇ ನಿಂತಿದ್ದ. ಪದ್ಧತಿ ಇರುವುದು ಹೀಗೆ: ಪಾಷಾ ಎಳೆ ತೆಗೆದು, ಅಳತೆಯನ್ನು ಮೊದಲು ಟವಲಿನ ಕೆಳಗೆ ಅಪ್ಪನಿಗೆ ತಿಳಿಸಿ, ಅಪ್ಪ ತಲೆ ಆಡಿಸಿದ ಮೇಲೆ ಗಟ್ಟಿಯಾಗಿ ಹೇಳಬೇಕು. ಆ ಮಾತಿನ ಮೇಲೆ ಅಂಗಡಿ ಬೆಲೆ ಕಟ್ಟುತ್ತದೆ. ಇದಕ್ಕೆ ಫೋನಿನಲ್ಲಿ ಉತ್ತರ ಬರುವುದಿಲ್ಲ ಎಂಬುದು, ಹೇಳಿದರೆ ನಗುತ್ತೀರಿ, ನನಗೆ ಹೊಳೆದದ್ದೇ ಆಗ.

ಎಳೆದೆ. ಹರಿಯಿತು. ಇನ್ನೊಂದು ಚಿಟಿಕೆ ತೆಗೆದೆ, ಅದೂ ಹರಿಯಿತು. ಬಟ್ಟೆಯ ಮೇಲೆ ಬಿದ್ದದ್ದು ಇಪ್ಪತ್ತಾರೋ ಮೂವತ್ತೋ ನನಗೆ ತಿಳಿಯಲಿಲ್ಲ. ಎದುರಿಗಿದ್ದ ರೈತನ ಕಣ್ಣು ನನ್ನ ಬೆರಳುಗಳ ಮೇಲೇ ಇತ್ತು. ಒಂದು ಹೆಚ್ಚು ಹೇಳಿದರೆ ಅಂಗಡಿಗೆ ಏಟು, ಒಂದು ಕಡಿಮೆ ಹೇಳಿದರೆ ಅವನಿಗೆ. ಬೆರಳಿಗೆ ಬಂದದ್ದು ಒತ್ತಿಬಿಡೋಣ ಎಂದು ಟವಲಿನ ಕೆಳಗೆ ಕೈ ತೂರಿಸಿದೆ.

ನನ್ನ ಬೆರಳು ಏಳುವ ಮೊದಲೇ ಅಪ್ಪನ ಬೆರಳುಗಳು ನನ್ನ ಅಂಗೈಯನ್ನು ಒತ್ತಿದವು. ಐದು. ಮತ್ತೆ ಮೂರು.

ಅಪ್ಪ ಆ ಹತ್ತಿಯನ್ನು ಮುಟ್ಟಿರಲಿಲ್ಲ. ತಿರುಗಿ ನೋಡಿದೆ. ಅಪ್ಪ ನೆಟ್ಟಗೆ ಬಾಗಿಲ ಕಡೆ ನೋಡುತ್ತಿದ್ದರು. ಅವರ ಆಚೆಗೆ, ಎಡಗಡೆ ಕೂತವಳ ಕಪ್ಪು ಬಟ್ಟೆಯ ಮೇಲೆ ಅದೇ ಹತ್ತಿಯಿಂದ ನೀಟಾಗಿ ಎಳೆದ ಒಂದು ಎಳೆ ಇತ್ತು. ಅವಳ ಬಲಗೈ ಟವಲಿನ ಆ ತುದಿಯ ಕೆಳಗೆ, ಅಪ್ಪನ ಎಡಗೈಯಲ್ಲಿತ್ತು.

"ಇಪ್ಪತ್ತೆಂಟು," ಎಂದೆ. ಅಪ್ಪ ತಲೆ ಆಡಿಸಿದರು.

ರೈತ ಮುಖ ಅರಳಿಸಿ, "ಕರೆಕ್ಟ್‌ಗಾ ಚೆಪ್ಪಿನಾರು ಪಾಷಾ. ನಮ್ಮನ್ಯಾಗೂ ಅಷ್ಟ ಅಂದಿದ್ರು," ಎಂದ. ಅಪ್ಪ ನನಗೆ ಚಹಾ ಹೇಳಿದರು.

ಅಂದರೆ ನಾನು ಹತ್ತಿ ಬದಲಿಸಿದ್ದು ಇಬ್ಬರಿಗೂ ಅಂದೇ ಗೊತ್ತಾಗಿತ್ತು. ಇದನ್ನು ಅವರು ಯಾವಾಗ ಮಾತಾಡಿಕೊಂಡರು? ಊಟಕ್ಕೆ ಬಡಿಸುವಾಗಲೋ, ಅಥವಾ ಮಾತೇ ಬೇಕಾಗಲಿಲ್ಲವೋ? ನನ್ನನ್ನು ಎಲ್ಲರೆದುರು ಬಯ್ದು ಎಬ್ಬಿಸಿದ್ದರೆ ಅತ್ತು ಹಗುರಾಗುತ್ತಿದ್ದೆ. ಇಬ್ಬರೂ ಏನೂ ಅನ್ನಲಿಲ್ಲ, ಇವತ್ತಿಗೂ ಅಂದಿಲ್ಲ. ನಾನೂ ಒಪ್ಪಿಕೊಂಡಿಲ್ಲ.

ಸುಗ್ಗಿ ಮುಗಿಯಲು ಇನ್ನೂ ಎರಡು ತಿಂಗಳಿದೆ. ದಿನಾ ಬೆಳಿಗ್ಗೆ ಪಾಷಾ ಎನ್ನಿಸಿಕೊಂಡು ಹೋಗಿ ಬಲಗಡೆ ಕೂರುತ್ತೇನೆ, ಎಳೆ ಹರಿಯುತ್ತೇನೆ, ಅಪ್ಪನ ಬಲಗೈ ಒತ್ತಿದ್ದನ್ನು ಗಟ್ಟಿಯಾಗಿ ಹೇಳುತ್ತೇನೆ. ಅಷ್ಟು ಹೊತ್ತೂ ನನಗೆ ಬೇಕೆನ್ನಿಸುವುದು ಅವಳ ಬೆರಳ ಮಾತು ಕೇಳುವ ಅವರ ಎಡಗೈ.