ಅಪ್ಪನ ಮಗ್ಗದ ಕೊನೆಯ ಹಾಸು

ನಾನು ಮಾಡುವ ಕೆಲಸಕ್ಕೆ ದೊಡ್ಡಬಳ್ಳಾಪುರದ ನಮ್ಮ ಬೀದಿಯಲ್ಲಿ ಹೆಸರಿಲ್ಲ. ಜನರೆದುರು ಗಂಟೆಗಟ್ಟಲೆ ಏನಾದರೊಂದು ಮಾಡುತ್ತಾ ನಿಲ್ಲುತ್ತೇನೆ, ಅದನ್ನು ವಿಡಿಯೋ ಮಾಡುತ್ತೇನೆ, ಖಾಲಿ ಕೋಣೆಯಲ್ಲಿ ಸಾಮಾನು ಜೋಡಿಸಿ ಕಲೆ ಅನ್ನುತ್ತೇನೆ. "ನಾಟಕಾನೂ ಅಲ್ಲ, ಸಿನಿಮಾನೂ ಅಲ್ಲ, ಅದೇನ್ ಮಾಡ್ತಾಳೆ ನಿನ್ ಮಗಳು?" ಎಂದು ಪಕ್ಕದ ಮನೆಯವರು ಕೇಳಿದರೆ, "ಏನೋ ಒಂದು ಮಾಡ್ತಾಳೆ ಬಿಡಕ್ಕ" ಅಂದುಬಿಡುತ್ತಿದ್ದಳು ಅಮ್ಮ.

ಅಪ್ಪ ತೀರಿಕೊಂಡಾಗ ನನಗೆ ಅಳು ಬರಲಿಲ್ಲ. ತಿಥಿಯಾಯಿತು, ಮಗ್ಗ ಗುಜರಿಗೆ ಹೋಯಿತು, ಆಗಲೂ ಇಲ್ಲ. ದುಃಖವನ್ನು ಅದುಮಿಟ್ಟಿದ್ದೆ ಅಂತಲೂ ಅಲ್ಲ. ಒಳಗೆ ಏನೂ ಇರಲಿಲ್ಲ. ಮಗ್ಗದಲ್ಲಿ ಉಳಿದಿದ್ದ ಹಾಸನ್ನು, ಅಂದರೆ ಉದ್ದನೆಯ ರೇಷ್ಮೆ ಎಳೆಗಳನ್ನು, ಅರ್ಧ ನೇಯ್ದ ಸೀರೆಯ ಸಮೇತ ಎತ್ತಿಟ್ಟುಕೊಂಡೆ. ಎಲ್ಲರೆದುರು ಅದನ್ನು ಕತ್ತರಿಸಿದರೆ ಏನಾದರೂ ಅನ್ನಿಸೀತು ಎಂಬ ಹುಚ್ಚು ನನಗೆ.

ಎರಡು ಬೀದಿ ಆಚೆ ಖಾಲಿ ಬಿದ್ದಿದ್ದ ಶೆಡ್ಡನ್ನು ಮೂರು ದಿನಕ್ಕೆ ಹಿಡಿದು, ಹಾಸನ್ನು ಗೋಡೆಯಿಂದ ಗೋಡೆಗೆ ಬಿಗಿದೆ. ಬೆಂಗಳೂರಿನಿಂದ ಒಂದಷ್ಟು ಜನ ಬಂದರು. ಕ್ಯಾಮೆರಾ ಓಡುತ್ತಿತ್ತು. ಹಿಡಿ ಹಿಡಿ ಎಳೆ ಕತ್ತರಿಸುತ್ತಾ ಹೋದೆ. ಏನೂ ಅನ್ನಿಸಲಿಲ್ಲ.

ಹಿಂದೆ ಕೂತಿದ್ದ ಅಮ್ಮ ಎದ್ದು ಬಂದಳು. "ನಿನ್ ಕೈ ಸೇದೋಗ! ಆ ಸೀರೆ ನಿಮ್ಮಪ್ಪ ನಂಗೇಂತ ಹಾಕಿದ್ರು ಕಣೇ!"

ನನಗೆ ಅದು ಗೊತ್ತಿರಲಿಲ್ಲ. ಗೊತ್ತಾದ ಮೇಲೂ ಕತ್ತರಿ ಕೆಳಗಿಡಲಿಲ್ಲ. ಅಮ್ಮ ನೆಲದಲ್ಲಿ ಕೂತು, ಎಳೆ ಜಾರದಿರಲೆಂದು ಅಲ್ಲೇ ಹಚ್ಚಿಟ್ಟಿದ್ದ ಊದುಬತ್ತಿಯ ಬೂದಿ ಬೆರಳಿಗೆ ಸವರಿಕೊಂಡು, ತುಂಡಾದ ಎಳೆಗಳನ್ನು ಒಂದೊಂದಾಗಿ ಹೊಸೆದು ಕೂಡಿಸತೊಡಗಿದಳು. ಇದಕ್ಕೆ ನಮ್ಮಲ್ಲಿ ಕೆಚ್ಚುವುದು ಅನ್ನುತ್ತಾರೆ. ಮದುವೆಯಾಗಿ ಬಂದಾಗಿನಿಂದ ಬೀದಿಯ ಮಗ್ಗಗಳಿಗೆಲ್ಲ ಹಳೆ ಹಾಸಿನ ತುದಿಗೆ ಹೊಸ ಹಾಸು ಕೆಚ್ಚಿಕೊಟ್ಟವಳು ಅವಳೇ. ಎಳೆ ಕಡಿದು ಬಿದ್ದಿರುವಾಗ ಕೈಕಟ್ಟಿ ಕೂರಲು ಅವಳಿಗೆ ಬರುವುದಿಲ್ಲ. ಇದೂ ಕಾರ್ಯಕ್ರಮದ ಭಾಗವೆಂದುಕೊಂಡು ಜನ ಚಪ್ಪಾಳೆ ಹೊಡೆದರು.

ಎರಡನೆಯ ದಿನವೂ ನಾನು ಕತ್ತರಿಸಿದೆ, ಅವಳು ಕೂಡಿಸಿದಳು. ಮೂರನೆಯ ದಿನವಾದರೂ ನಿಲ್ಲಿಸಬೇಕಿತ್ತು. ವಿಡಿಯೋ ಚೆನ್ನಾಗಿ ಬರುತ್ತಿತ್ತು, ನಿಲ್ಲಿಸಲಿಲ್ಲ. ನಾಚಿಕೆಗೇಡು, ಬೇರೆ ಮಾತಿಲ್ಲ.

ಜನ ಹೋದ ಮೇಲೆ ಅಮ್ಮ ಕೈ ತೊಳೆಯಲು ಹಿಂದಿನ ನಲ್ಲಿಗೆ ಹೋದಳು. ಶೆಡ್ಡು ಆವತ್ತೇ ಬಿಟ್ಟುಕೊಡಬೇಕಿತ್ತು, ಅದು ಅವಳಿಗೆ ಗೊತ್ತಿರಲಿಲ್ಲ. ಅವಳು ಬರುವಷ್ಟರಲ್ಲಿ ನಾನು ಹಾಸು, ಸೀರೆ ಎಲ್ಲವನ್ನೂ ಮೂಟೆ ಕಟ್ಟಿಸಿ, ವೇಸ್ಟ್ ನೂಲು ಕೊಳ್ಳುವವನ ಗಾಡಿಗೆ ಹಾಕಿಸಿ ಕಳಿಸಿದ್ದೆ. ಅವಳು ಒಳಗೆ ಇಣುಕುವ ಮೊದಲೇ ಬಾಗಿಲು ಎಳೆದುಕೊಂಡೆ, ಇಬ್ಬರೂ ಬೀದಿಗೆ ಬಂದೆವು.

ದಾರಿಯಲ್ಲಿ ಅಮ್ಮ ಕಣ್ಣುಜ್ಜಿಕೊಳ್ಳುತ್ತಾ ಕೇಳಿದಳು, "ನಾಳೆ ಎಷ್ಟೊತ್ತಿಗೆ ಹೋಗಣ? ಇನ್ನೂ ಅರ್ಧ ಹಂಗೇ ಐತೆ. ಪೂರ್ತಿ ಕೆಚ್ಚಿಬಿಟ್ರೆ ಯಾರ್ ಮಗ್ಗದಲ್ಲಾದ್ರೂ ಏರಿಸಿ ಮುಗಿಸ್ಕೊಬೋದು."

"ಹತ್ತು ಗಂಟೆಗಮ್ಮ" ಅಂದೆ.