ಕಲ್ಲಿನ ಕೋಣೆಯಲ್ಲಿ ಕೂತ ಮಾಮ

ಮಾಮನ ಕತ್ತಿನ ಬುಡದಲ್ಲಿ, ಬೆನ್ನು ಶುರುವಾಗುವ ಜಾಗದಲ್ಲಿ, ಮುಷ್ಟಿಯಷ್ಟು ದಪ್ಪದ ಒಂದು ಗಂಟಿತ್ತು. ಅದರ ಮೇಲಿನ ಚರ್ಮ ಎತ್ತಿನ ಹೆಗಲಿನಂತೆ ಕಪ್ಪಾಗಿ ಜಡ್ಡುಗಟ್ಟಿತ್ತು. ಚಿಕ್ಕವಳಿದ್ದಾಗ ಅವನು ನನ್ನನ್ನು ಕೂಸುಮರಿ ಮಾಡಿ ಹೊತ್ತರೆ ನಾನು ಅದರ ಮೇಲೆ ಗದ್ದ ಊರಿಕೊಂಡು ದಾರಿ ನೋಡುತ್ತಿದ್ದೆ. "ನೋಯ್ತದೇನು ಮಾಮ?" ಎಂದು ಒಮ್ಮೆ ಕೇಳಿದ್ದಕ್ಕೆ, "ಅದು ಮಾರ್ಕೆಟ್ಟಿಂದವ್ವಾ, ನಂದಲ್ಲ," ಎಂದಿದ್ದ.

ಅವನು ಅಮ್ಮನ ತಮ್ಮ. ಕಲಬುರ್ಗಿಯ ಅಫಜಲಪುರದ ಕಡೆಯ ಹಳ್ಳಿಯಿಂದ ಬಂದು, ಮರಾಠಿ ಸೀಮೆಯ ತುರ್ಭೆಯ ಮಾರ್ಕೆಟ್ಟಿನಲ್ಲಿ ಚೀಲ ಹೊರುವ ಹಮಾಲನಾಗಿದ್ದ. ನಾನು ತೊಟ್ಟಿಲಲ್ಲಿದ್ದಾಗಲೇ ಅಪ್ಪ ತೀರಿಹೋದ. ಮಾಮ ನಮ್ಮಿಬ್ಬರನ್ನೂ ತನ್ನ ಒಂದೇ ಕೋಣೆಯ ಖೋಲಿಗೆ ಕರೆಸಿಕೊಂಡ. ನನ್ನನ್ನು ಕನ್ನಡ ಶಾಲೆಗೆ ಹಾಕಿದ, ಕಾಲೇಜಿಗೆ ಕಳಿಸಿದ. ತಾನು ಮದುವೆಯಾಗಲಿಲ್ಲ. ಯಾರಾದರೂ ಆ ಮಾತು ತೆಗೆದರೆ, "ಮನಿ ತುಂಬ್ಯದಲ್ಲ, ಇನ್ನೆಲ್ಲಿ ಕೂಡಸ್ಲಿ?" ಎಂದು ನಕ್ಕುಬಿಡುತ್ತಿದ್ದ.

ಅವನಿಗೆ ಕೆಲವು ವಿಚಿತ್ರ ಅಭ್ಯಾಸಗಳಿದ್ದವು. ಮಲಗುವಾಗ ಹೊಸ್ತಿಲಿನ ಪಕ್ಕವೇ ಚಾಪೆ ಹಾಸಿ, ಬಾಗಿಲು ಪೂರ್ತಿ ಮುಚ್ಚದಂತೆ ಸಂದಿಗೆ ಒಂದು ಚಪ್ಪಲಿ ಸಿಕ್ಕಿಸುತ್ತಿದ್ದ. ಕಳ್ಳರ ಭಯಕ್ಕೆ ಅಮ್ಮ ಬೈದರೂ ಬಿಡುತ್ತಿರಲಿಲ್ಲ. ನಾನು ಐರೋಲಿಯಲ್ಲಿ ಕೆಲಸಕ್ಕೆ ಸೇರಿದ ಮೇಲೆ ನಾವು ಕಾಮೋಠೆಯ ಬಿಲ್ಡಿಂಗಿಗೆ ಬಂದೆವು. ಮನೆ ನಾಲ್ಕನೆಯ ಮಾಳಿಗೆಯಲ್ಲಿದ್ದರೂ ಅವನು ಒಂದು ದಿನವೂ ಲಿಫ್ಟ್ ಹತ್ತಲಿಲ್ಲ. ದಿನವೆಲ್ಲ ಚೀಲ ಹೊತ್ತು ಬಂದು ಮೆಟ್ಟಿಲೇರುತ್ತಿದ್ದ. "ಡಬ್ಬಿಯೊಳಗ ಹಾಕಿ ಮ್ಯಾಲ ಎಳಿಲಾಕ ನಾ ಏನ್ ಸಾಮಾನೇನು?" ಎನ್ನುತ್ತಿದ್ದ.

ಒಂದು ದಿನ ಲಾರಿಯಿಂದ ಮಾಲು ಇಳಿಸುವಾಗ ಅವನ ಸೊಂಟ ಹಿಡಿದುಕೊಂಡಿತು. ಅವನ ಟೋಳಿಯ ಜನ, ಎಂದರೆ ಜೊತೆಗೆ ದುಡಿಯುವ ಹಮಾಲರು, ಅವನನ್ನು ಎತ್ತಿಕೊಂಡು ಬಂದು ಮಂಚದ ಮೇಲೆ ಮಲಗಿಸಿ ಹೋದರು. ಬೆನ್ನಿನ ಗೆಣ್ಣು ಜಾರಿದೆ, ಸದ್ಯ ಮಿಸುಕಾಡದೆ ಮಲಗಿರಲಿ, ಇನ್ನು ಮುಂದೆ ಭಾರ ಎತ್ತುವಂತಿಲ್ಲ ಎಂದರು ಡಾಕ್ಟರು. ಹಗಲು ಹೊತ್ತು ಎಂದೂ ಮಲಗದ ಮನುಷ್ಯ ಫ್ಯಾನು ನೋಡುತ್ತ ಬಿದ್ದುಕೊಂಡ. ಅಮ್ಮ ಊಟಕ್ಕೆ ಕರೆದರೆ, "ಕೂತು ತಿನ್ನೋ ಬಾಯಿಗಿ ರುಚಿ ಬ್ಯಾರೆ ಬೇಕೇನು?" ಎಂದು ಸಿಡುಕುತ್ತಿದ್ದ. ಅಮ್ಮ ಅವನ ಮಾತ್ರೆಗಳನ್ನೆಲ್ಲ ಸೆರಗಿನ ತುದಿಗೆ ಕಟ್ಟಿಕೊಂಡು ಓಡಾಡತೊಡಗಿದಳು. ಹೊತ್ತಿಗೊಂದರಂತೆ ತಾನೇ ಬಿಚ್ಚಿ ಅವನ ಕೈಗೆ ಕೊಡುತ್ತಿದ್ದಳು.

ಆಗ ನಾನು ಅವನಿಗೆ ನನ್ನ ಟ್ಯಾಬ್ ಕೊಟ್ಟೆ. ಅದರಲ್ಲೊಂದು ಡೈನೋಸಾರ್‌ಗಳ ಆಟವಿತ್ತು. ಐರೋಲಿಗೆ ಹೋಗುವ ರೈಲಿನಲ್ಲಿ ನಾನೂ ಮೊಬೈಲಿನಲ್ಲಿ ಅದನ್ನು ಆಡುತ್ತಿದ್ದೆ. ಸಮುದ್ರದ ದಂಡೆಯಲ್ಲಿ ಬರಿಗೈಯಲ್ಲಿ ಎಚ್ಚರವಾಗಬೇಕು, ಕಲ್ಲು ಒಡೆದು, ಮರ ಕಡಿದು, ಮನೆ ಕಟ್ಟಬೇಕು, ಪ್ರಾಣಿಗಳನ್ನು ಪಳಗಿಸಬೇಕು, ಹೇಗಾದರೂ ಬದುಕಿ ಉಳಿಯಬೇಕು. ಮೊದಲಿಗೆ ಅವನನ್ನು ಊರೂರಿನ ಜನ ಆನ್‌ಲೈನಿನಲ್ಲಿ ಸೇರಿ ಆಡುವ ಒಂದು ಲೋಕಕ್ಕೆ ಸೇರಿಸಿದೆ. ನಾನು ರೈಲಿನಲ್ಲಿ, ಅವನು ಮಂಚದಲ್ಲಿ, ಇಬ್ಬರೂ ಅಲ್ಲಿ ಭೇಟಿಯಾಗಬಹುದು ಎಂಬುದು ನನ್ನ ಲೆಕ್ಕ.

ಒಂದು ಸಂಜೆ ನಾನು ಬಂದಾಗ ಅವನು ಗೋಡೆಗೆ ಮುಖ ಮಾಡಿ ಮಲಗಿದ್ದ. ಟ್ಯಾಬಿನಿಂದ ಯಾರೋ ಹುಡುಗರು ನಗುವ ಸದ್ದು ಬರುತ್ತಿತ್ತು. ಗುರುತಿಲ್ಲದ ಆಟಗಾರರು ಮಾಮನ ಗೊಂಬೆಯನ್ನು, ಎಂದರೆ ಆಟದೊಳಗಿನ ಅವನ ರೂಪವನ್ನು, ಹಿಡಿದು ಒಂದು ಪಂಜರದೊಳಗೆ ಕೂಡಿಹಾಕಿದ್ದರು. "ಅಂಕಲ್, ನಾಚೋ. ನಾಚೋಗೇ ತೋ ಛೋಡೇಂಗೇ," ಎನ್ನುತ್ತಿದ್ದರು. ಕುಣಿದರೆ ಬಿಡುತ್ತಾರಂತೆ. ನಾನು ಟ್ಯಾಬ್ ಬಂದ್ ಮಾಡಿದೆ. ಮಾಮ ಅವತ್ತು ಉಣ್ಣಲಿಲ್ಲ.

ಮರುದಿನ ನನಗೆ ರಜೆ. ಅಮ್ಮ ತರಕಾರಿಗೆ ಹೋದ ಹೊತ್ತಿನಲ್ಲಿ ಅವನು ತಾನಾಗಿಯೇ ಬಾಯಿ ಬಿಟ್ಟ.

"ನಾ ಹೊಸದಾಗಿ ಬಂದಿದ್ದೆ. ಒಬ್ಬ ಮೆಣಸಿನಕಾಯಿ ಸಾಹುಕಾರನ ಮಾಲಿನಾಗ ಒಂದು ಚೀಲ ಕಮ್ಮಿ ಬಿತ್ತು. ನಾನೇ ಕದ್ದೀನಂತ ಅವನ ಮಂದಿ ಗೋದಾಮಿನಾಗ ಹಾಕಿ ಕೀಲಿ ಜಡಿದ್ರು. ಸುತ್ತಾ ಮೆಣಸಿನಕಾಯಿ. ಉಸುರ ತಗೊಂಡ್ರ ಬೆಂಕಿ, ಬಿಟ್ರ ಬೆಂಕಿ. ಮರುದಿನ ಹೊತ್ತೇರಿದ ಮ್ಯಾಲ ಬಾಗಿಲಾ ತೆಗದ್ರು. ಚೀಲ ಲಾರಿಯೊಳಗೇ ಉಳಿದಿತ್ತಂತ."

"ಅಮ್ಮಗ ಗೊತ್ತದ?"

"ಆಗ ನಿಮ್ಮಪ್ಪ ಹೋಗಿ ತಿಂಗಳಾಗಿತ್ತು. ನಿಮ್ಮನ್ನ ಕರಸ್ಲಾಕ ಖೋಲಿ ನೋಡ್ಲಾಕತ್ತಿದ್ದೆ. ಇದು ಕೇಳಿದ್ರ ಅಕ್ಕ ಬರ್ತಿದ್ಳೇನು? ನೀನೇ ಊರಿಗಿ ವಾಪಸ್ ಬಾ ಅಂತಿದ್ಳು."

ಹೊಸ್ತಿಲಿನ ಚಪ್ಪಲಿಯ ಅರ್ಥ ನನಗೆ ಆಗ ಆಯಿತು. ಟ್ಯಾಬ್ ಎತ್ತಿಕೊಂಡು, "ಮಾಮ, ನಿನಗೊಂದು ಬ್ಯಾರೆ ದುನಿಯಾ ಮಾಡಿಕೊಡ್ತೀನಿ. ಅದರಾಗ ನೀ ಒಬ್ಬನೇ," ಎಂದೆ.

ಅವನು ಮೆಲ್ಲಗೆ ಹೊರಳಿದ. "ಮತ್ಯಾರೂ ಬರಲ್ಲಾ?"

"ಯಾರೂ ಬರಲ್ಲ."

"ನಾ ಇದನ್ನ ಬಂದ್ ಮಾಡಿ ಮಲಗಿದಾಗ?"

"ಅಲ್ಲೂ ಎಲ್ಲಾ ನಿಂತಬಿಡ್ತದ. ನೀ ಬರೋತನಕ ಒಂದು ಎಲಿ ಸೈತ ಅಲುಗಾಡಲ್ಲ."

ಒಂಟಿ ಲೋಕ ಕಟ್ಟುವಾಗ ಎಲ್ಲವನ್ನೂ ನಾವೇ ಹೆಚ್ಚುಕಮ್ಮಿ ಮಾಡಿಕೊಳ್ಳಬಹುದು. ನಾನು ಒಂದೊಂದಾಗಿ ಕೇಳುತ್ತ ಹೋದೆ. ರಾತ್ರಿ ಎಷ್ಟು ಉದ್ದ ಇರಲಿ ಎಂದರೆ, "ಸಣ್ಣದು ಮಾಡು, ಇಲ್ಲಿಂದೇ ಸಾಕಾಗ್ಯದ," ಎಂದ. ಹಸಿವು ಕಮ್ಮಿ ಮಾಡಲೇ ಎಂದದ್ದಕ್ಕೆ, "ಇರಲಿ. ಹಸಿವಿ ಇಲ್ಲಂದ್ರ ಮನುಷ್ಯಾ ಮುಂಜಾನಿ ಯಾಕ ಏಳ್ತಾನ?" ಎಂದ. ಪ್ರಾಣಿಗಳನ್ನು ಸಾಧು ಮಾಡಲೇ?

"ಪೂರಾ ಸಾಧು ಬ್ಯಾಡ. ಮಂದಿ ನಗ್ತಾರ."

"ಯಾವ ಮಂದಿ ಮಾಮ? ಯಾರೂ ಇಲ್ಲ ಅಂದೆನಲ್ಲ."

ಹಾಸಿಗೆ ಹಿಡಿದ ಮೇಲೆ ಮೊದಲ ಸಲ ಅವನು ನಕ್ಕದ್ದು ಆಗ. ನಕ್ಕರೆ ಬೆನ್ನು ನೋಯುತ್ತದೆಂದು ಹೊಟ್ಟೆ ಹಿಡಿದುಕೊಂಡೇ ನಕ್ಕ. ಕೊನೆಗೆ, ಹೊರುವ ತೂಕದ ಮಿತಿ ಹೆಚ್ಚಿಸಲೇ ಎಂದು ಕೇಳಿದೆ. ಆ ಆಟದಲ್ಲಿ ಭಾರ ಮಿತಿ ಮೀರಿದರೆ ಗೊಂಬೆ ಒಂದು ಹೆಜ್ಜೆಯೂ ಇಡುವುದಿಲ್ಲ.

"ಅದನ್ನ ಮುಟ್ಟಬ್ಯಾಡ. ಸಾಕಾದ ಕೂಡ್ಲೇ ಕಾಲು ತಾವೇ ನಿಂತಬಿಡ್ತಾವಲ್ಲ, ಅದು ಚಲೋ ಅದ."

ಆ ಲೋಕದಲ್ಲಿ ಅವನು ಬೇಗ ಬೇರು ಬಿಟ್ಟ. ಮೂರು ಕೊಂಬಿನ ದೊಡ್ಡ ಪ್ರಾಣಿಯೊಂದನ್ನು ಪಳಗಿಸಿ ಅದಕ್ಕೆ ಮುದುಕ ಎಂದು ಹೆಸರಿಟ್ಟ. ಅದರ ಮೇಲೆ ಎಂದೂ ಅರ್ಧಕ್ಕಿಂತ ಹೆಚ್ಚು ಹೇರುತ್ತಿರಲಿಲ್ಲ. ಬೆನ್ನು ಕೂಡ ತುಸು ಸುಧಾರಿಸಿ, ಗೋಡೆ ಹಿಡಿದು ಓಡಾಡುವಂತಾದ. ಆದರೆ ಒಂದು ಬೆಳಿಗ್ಗೆ ಬಚ್ಚಲಿನಿಂದ ಬರುವಾಗ ಅವನ ಎಡಗಾಲಿನ ಚಪ್ಪಲಿ ಕಳಚಿ ಹಿಂದೆಯೇ ಉಳಿಯಿತು. ಅವನಿಗೆ ಅದು ತಿಳಿಯಲೇ ಇಲ್ಲ. ಅಮ್ಮ ಪಾದವನ್ನು ಚಿವುಟಿ ನೋಡಿದಳು. ಅದೂ ತಿಳಿಯಲಿಲ್ಲ.

ತಕ್ಷಣ ಬೆನ್ನಿನ ಸ್ಕ್ಯಾನ್ ಆಗಬೇಕು, ಅದನ್ನು ನೋಡದೆ ಆಪರೇಷನ್ ಮಾಡಲಾಗದು, ತಡವಾದರೆ ಎರಡೂ ಕಾಲು ಹೋಗಬಹುದು ಎಂದರು ಡಾಕ್ಟರು. ಪನವೇಲಿನ ಒಂದು ಸ್ಕ್ಯಾನ್ ಸೆಂಟರಿಗೆ ಕರೆದುಕೊಂಡು ಹೋದೆವು. ಆ ಮಶೀನು ಒಂದು ಕೊಳವೆ. ಮಲಗಿಸಿ ಅದರೊಳಗೆ ತಳ್ಳುತ್ತಾರೆ. ಗಾಜಿನ ಆಚೆಯಿಂದ ಆಪರೇಟರ್ "ಕಾಕಾ, ಹಲೂ ನಕಾ," ಅಲುಗಾಡಬೇಡಿ ಎಂದು ಮರಾಠಿಯಲ್ಲಿ ಹೇಳುತ್ತಲೇ ಇದ್ದ. ಒಳಗೆ ಟಕಟಕ ಸದ್ದು ಶುರುವಾಯಿತು. ಮಾಮ ತೊಂದರೆಯಾದರೆ ಒತ್ತಲೆಂದು ಕೈಗೆ ಕೊಟ್ಟಿದ್ದ ರಬ್ಬರಿನ ಗುಂಡಿ ಒತ್ತಿದ, ಹೊರಗೆ ಬಂದ, ಆಸ್ಪತ್ರೆಯ ಗೌನಿನಲ್ಲೇ ಕಾಲೆಳೆಯುತ್ತ ರಸ್ತೆಗಿಳಿದುಬಿಟ್ಟ. ನಾನು ಹಿಂದೆ ಓಡಿದೆ.

"ಕುಂಟ ಆಗಿ ಬದುಕ್ತೀನಿ. ಅದರೊಳಗ ಹೋಗಲ್ಲ," ಎಂದ. ನಿದ್ದೆ ಬರುವ ಮದ್ದು ಕೊಟ್ಟು ಮಲಗಿಸಿ ಸ್ಕ್ಯಾನ್ ಮಾಡುವುದೂ ಉಂಟು ಎಂದು ಡಾಕ್ಟರು ಹೇಳಿಕಳಿಸಿದರು. "ಎಚ್ಚರ ತಪ್ಪಿಸಿ ಕೂಡಿಹಾಕ್ತಾರಂತ," ಎಂದು ಅದಕ್ಕೂ ಒಲ್ಲೆನೆಂದ.

ಆಮೇಲೆ ಅವನು ಪೂರ್ತಿ ಟ್ಯಾಬಿನೊಳಗೇ ಇರತೊಡಗಿದ. ಟೋಳಿಯವರು ನೋಡಲು ಬಂದರೆ ತಲೆ ಎತ್ತುತ್ತಿರಲಿಲ್ಲ. "ನೀ ಕೊಟ್ಟ ಹಲ್ಲಿ ಆಟ ನನ್ನ ತಮ್ಮನ್ನ ನುಂಗಲಾಕತ್ತದ," ಎಂದು ಅಮ್ಮ ಅಡುಗೆಮನೆಯಲ್ಲಿ ಅತ್ತಳು. ಅವನನ್ನು ಕಾಪಾಡಲೆಂದು ಕಟ್ಟಿಕೊಟ್ಟ ಲೋಕದೊಳಗೆ ಈಗ ನನಗೂ ದಾರಿ ಇರಲಿಲ್ಲ. ಟ್ಯಾಬ್ ಕಿತ್ತುಕೊಳ್ಳಬೇಕೆಂದು ಎರಡು ಸಲ ಕೈ ಚಾಚಿ ಹಿಂದೆಗೆದೆ.

ಕೊನೆಗೆ ಒಂದು ದಿನ ತುರ್ಭೆಯಲ್ಲಿಳಿದು, ಅವನ ಟೋಳಿಯ ಮುಂದಾಳು ಮುಕಾದಮನನ್ನು ಹುಡುಕಿಕೊಂಡು ಹೋದೆ. ಎಲ್ಲರೂ ಅವನ ಮಾತು ಕೇಳುತ್ತಾರೆ, ಮಾಮನಿಗೂ ಬುದ್ಧಿ ಹೇಳಲಿ ಎಂಬ ಆಸೆ. ಬಿಳಿ ಮೀಸೆಯ ಆ ಹಿರಿಯ ಎಲ್ಲ ಕೇಳಿಸಿಕೊಂಡು, "ಅವತ್ತ ಗೋದಾಮಿನ ಬಾಗಿಲಾ ತೆಗದಾಂವ ನಾನೇ," ಎಂದ. "ಕಣ್ಣ ಬಾತು ಮುಚ್ಚಿಹೋಗಿದ್ವು. ಹೊರಗ ಬಂದಾಂವ ಅಳಲಿಲ್ಲ, ಬೈಲಿಲ್ಲ. ಇವತ್ತ ಗಾಡಿ ಬಂದಾವೇನು ಅಂತ ಕೇಳಿದ. ಗ್ವಾಡಿ ಮುಟ್ಟಿಕೋಂತ ಹೋಗಿ ಸಂಜಿತನಕ ಮಾಲ ಇಳಿಸಿದ."

"ನೀವು ಬಂದು ಹೇಳಿದ್ರ ಕೇಳ್ತಾನ, ಕಾಕಾ."

"ಕೇಳ್ತಾನ. ನನಗ ಹೆದರಿ ಒಳಗ ಹೋಗ್ತಾನ. ಹಂಗ ಬ್ಯಾಡವ್ವಾ. ಇನ್ನೊಂದೀಟು ತಡಿ."

ತಡೆಯಲು ಹೊತ್ತೆಲ್ಲಿದೆ ಎಂದು ಸಿಟ್ಟು ಬಂತು. ಸಿಟ್ಟಿನಲ್ಲೇ ಮನೆಗೆ ಬಂದೆ. ಮಾಮ ಎಂದಿನಂತೆ ಮಂಚದಲ್ಲಿದ್ದ, ಎದೆಯ ಮೇಲೆ ಟ್ಯಾಬ್. ಆದರೆ ಪರದೆ ಪೂರ್ತಿ ಕಪ್ಪಾಗಿತ್ತು.

"ಚಾರ್ಜ್ ಖತಮ್ ಆಯ್ತಾ?"

"ಇಲ್ಲ. ಒಳಗ ಕೂತೀನಿ."

ಬಗ್ಗಿ ಕಿವಿಗೊಟ್ಟರೆ ಟ್ಯಾಬಿನೊಳಗೆ ಎಲ್ಲೋ ದೂರದಲ್ಲಿ ಪ್ರಾಣಿಗಳು ಕೂಗುವುದು ಕೇಳುತ್ತಿತ್ತು. ಅವನು ಆ ಲೋಕದಲ್ಲಿ ಕಲ್ಲಿನದೊಂದು ಕೋಣೆ ಕಟ್ಟಿದ್ದ. ಕಿಟಕಿ ಇಲ್ಲ. ಒಳಹೋಗಿ, ಬಾಗಿಲು ಹಾಕಿಕೊಂಡು, ಪಂಜು ಆರಿಸಿ ಕೂತಿದ್ದ. ಟ್ಯಾಬ್ ಹಿಡಿದ ಬೆರಳುಗಳು ಬೆವೆತಿದ್ದವು.

"ಯಾಕ ಮಾಮ?"

"ಕೂಡ್ಲಾಕ ಆಗ್ತದೇನಂತ ನೋಡ್ಲಾಕತ್ತೀನಿ. ಮೊದಲ ಮೊದಲ ಝಟ್ಟನೆ ಬಾಗಿಲಾ ತೆಗೀತಿದ್ದೆ. ಈಗ ಜರಾ ಹೊತ್ತು ಆಗ್ತದ. ಕೀಲಿ ನನ್ನ ಕೈಯಾಗೇ ಅದಲ್ಲ." ಮತ್ತೆ ತಡೆದು ಕೇಳಿದ: "ಆ ಮಶೀನು ಟಕಟಕ ಅಂತಿತ್ತಲ್ಲ, ಅಂಥ ಸಪ್ಪಳ ಮೊಬೈಲಿನಾಗ ಸಿಗ್ತದೇನು?"

ಹುಡುಕಿದೆ, ಸಿಕ್ಕಿತು. ಇಯರ್‌ಫೋನ್ ಅವನ ಕಿವಿಗೆ ನಾನೇ ಸಿಕ್ಕಿಸಿದೆ. ಮೊದಲ ದಿನ ಸದ್ದು ಶುರುವಾದೊಡನೆ ಕಿತ್ತೆಸೆದ. ಆಮೇಲಾಮೇಲೆ ಕಣ್ಣು ಮುಚ್ಚಿ, ತುಟಿ ಬಿಗಿದು, ಕೇಳುತ್ತ ಕೂರತೊಡಗಿದ. ಅಮ್ಮ ಬಾಗಿಲ ಬಳಿ ನಿಂತು ನೋಡಿದಳು. ಹಲ್ಲಿ ಆಟದ ಬಗ್ಗೆ ಮತ್ತೆ ಮಾತಾಡಲಿಲ್ಲ. ಗೋದಾಮಿನ ಕತೆ ಅವಳಿಗೆ ಯಾವಾಗ ತಿಳಿಯಿತೋ, ಅವನೇ ಹೇಳಿದನೋ, ನನಗೆ ಗೊತ್ತಿಲ್ಲ.

ಒಂದು ಮುಂಜಾನೆ ಅವನೇ, "ನಡಿ, ಹೋಗ್ಯಾರ ಬರಮು," ಎಂದು ಅಂಗಿ ತೊಟ್ಟ. ಸೆಂಟರಿನವರು ಈ ಸಲ ನನ್ನನ್ನೂ ಒಳಗೆ ಬಿಟ್ಟರು. ಮಶೀನಿನ ಹತ್ತಿರ ಲೋಹ ಇರಬಾರದೆಂದು ನನ್ನ ಕಿವಿಯೋಲೆ ಬಿಚ್ಚಿಟ್ಟು, ಕೊಳವೆಯಿಂದ ಹೊರಗೆ ಚಾಚಿದ್ದ ಅವನ ಪಾದ ಹಿಡಿದುಕೊಂಡೆ. ಒಳಗಿನಿಂದ ಅವನ ಧ್ವನಿ ಬಂತು: "ಹಿಡದೀದೇನು?"

"ಹಿಡದೀನಿ ಮಾಮ."

"ಹಂಗಾರ ಅದಲ್ಲ, ಇನ್ನೊಂದು ಕಾಲು ಹಿಡಿ. ಅದರಾಗಾದ್ರ ತಿಳೀತದ."

ಬಲಗಾಲು ಹಿಡಿದೆ. ಸದ್ದು ಶುರುವಾದಾಗಿನಿಂದ ಮುಗಿಯುವವರೆಗೆ ಆ ಕಾಲಿನ ಬೆರಳುಗಳು ನನ್ನ ಅಂಗೈಯನ್ನು ಒತ್ತಿ ಹಿಡಿದಿದ್ದವು. ಹೊರಗೆ ಎಳೆದಾಗ ಅವನ ಗೌನು ಬೆವರಿನಿಂದ ಒದ್ದೆಯಾಗಿತ್ತು. ಎದ್ದು ಕೂತು, ನನ್ನ ಮುಖ ನೋಡದೆ, "ಎಲ್ಯಾರ ಚಾ ಸಿಗ್ತದೇನು?" ಎಂದ.

ಆಪರೇಷನ್ ಆಯಿತು. ಬಲಗಾಲು ಉಳಿಯಿತು. ಎಡಗಾಲಿಗೆ ಹೋಗುವ ನರ ಬಹಳ ದಿನ ಅದುಮಿ ಹೋಗಿತ್ತು, ಮೊದಲೇ ಬಂದಿದ್ದರೆ ಅದೂ ಉಳಿಯುತ್ತಿತ್ತು ಎಂದರು. ಮಾಮ ಕೋಲು ಹಿಡಿದ. ಮಾರ್ಕೆಟ್ಟಿಗೆ ಮತ್ತೆ ಹೋಗಲಿಲ್ಲ. ಸಂಜೆ ಕೆಳಗಿಳಿದು ವಾಚ್‌ಮನ್ ಜೊತೆ ಕೂರುತ್ತಿದ್ದ. ಕೆಲವು ದಿನ ಮಾತಾಡುತ್ತಿದ್ದ, ಕೆಲವು ದಿನ ಇಲ್ಲ. ರಸ್ತೆಯಲ್ಲಿ ಚೀಲ ಹೇರಿದ ಟೆಂಪೋ ಹೋದರೆ ಕಣ್ಣು ಅದರ ಹಿಂದೆ ಹೋಗುತ್ತಿತ್ತು. ಒಂದು ಭಾನುವಾರ ಆಟದ ಮೂರು ಕೊಂಬಿನ ಮುದುಕನನ್ನೂ ಉಳಿದ ಪ್ರಾಣಿಗಳನ್ನೂ ಒಂದೊಂದಾಗಿ ಜೀನು ಬಿಚ್ಚಿ ಕಾಡಿಗೆ ಬಿಟ್ಟು, "ಇನ್ನ ಈ ದುನಿಯಾ ತೆಗದಬಿಡವ್ವಾ," ಎಂದು ಟ್ಯಾಬ್ ನನ್ನ ಕೈಗೆ ಕೊಟ್ಟ. ಅಳಿಸಿದೆ.

ಕಳೆದ ಮಳೆಗಾಲದಲ್ಲಿ ಅವನ ಎದೆಯಲ್ಲಿ ಕಫ ಕಟ್ಟಿತು. ಔಷಧ ನಾಟಲಿಲ್ಲ. ನಾನು ಕೆಲಸಕ್ಕೆ ಹೊರಟಿದ್ದೆ, ರೈಲು ಕೋಪರಖೈರಣೆ ದಾಟುವಾಗ ಅಮ್ಮನ ಫೋನ್ ಬಂತು. ಮುಂದಿನ ಸ್ಟೇಷನ್ನಿನಲ್ಲಿಳಿದು, ಎದುರಿನ ಪ್ಲಾಟ್‌ಫಾರ್ಮಿನಲ್ಲಿ ಪನವೇಲ್ ಗಾಡಿಗೆ ಕಾಯುತ್ತ ನಿಂತೆ. ಪಕ್ಕದಲ್ಲಿದ್ದ ಹೆಂಗಸು ನನ್ನ ಮುಖ ನೋಡಿ, ಏನೂ ಕೇಳದೆ, ನೀರಿನ ಬಾಟಲಿ ಕೊಟ್ಟಳು.

ಟೋಳಿಯವರು ಕೆಲಸ ಬಿಟ್ಟು ಬಂದರು, ಅಂಗಿಯ ಮೇಲೆ ಅರಿಶಿನದ ಪುಡಿ ಹಾಗೇ ಇತ್ತು. ಬಿಲ್ಡಿಂಗಿನ ಸೊಸೈಟಿಯವರು ಗಾಡಿ ಕರೆಸುತ್ತೇವೆಂದರೂ ಅವರು ಒಪ್ಪಲಿಲ್ಲ. ಮಾಮನ ಚಟ್ಟವನ್ನು ಹೆಗಲ ಮೇಲೆಯೇ ಒಯ್ದರು. ನಿಲ್ಲದೆ, ಮಾತಿಲ್ಲದೆ, ಹೆಗಲು ಬದಲಿಸುತ್ತ ಅವರು ನಡೆಯುವುದನ್ನು ನೋಡುತ್ತ ನಾನು ಪಕ್ಕದಲ್ಲೇ ಹೋಗುತ್ತಿದ್ದೆ. ತಿರುವಿನಲ್ಲಿ ಮುಕಾದಮನ ಹತ್ತಿರ ಹೋಗಿ, ನನಗೂ ಕೊಡಿ ಎಂದೆ. ನಮ್ಮ ಕಡೆ ಹೆಣ್ಣುಮಕ್ಕಳು ಚಟ್ಟಕ್ಕೆ ಹೆಗಲು ಕೊಡುವುದಿಲ್ಲ. ಹಿಂದೆ ಯಾರೋ ಗೊಣಗಿದರು. ಮುಕಾದಮ ಅತ್ತ ತಿರುಗಿಯೂ ನೋಡಲಿಲ್ಲ. ತನ್ನ ಹೆಗಲ ಮೇಲಿದ್ದ ಮಡಿಸಿದ ಟವೆಲನ್ನು ತೆಗೆದು ನನ್ನ ಹೆಗಲಿಗೆ ಹಾಕಿ, ಬಿದಿರನ್ನು ಅದರ ಮೇಲೆ ಮೆಲ್ಲಗೆ ಇಟ್ಟ.

"ಉಸುರ ಬಿಗಿ ಹಿಡೀಬ್ಯಾಡ," ಎಂದ. "ಎಡಗಾಲ ಮುಂದ ಇಡವ್ವಾ."

ಇಟ್ಟೆ.