ಪಾರಣೆಗೆ ನೀರು ತಂದ ಮೇಷ್ಟ್ರು

ಮೇಷ್ಟ್ರ ಕೈಗಳು ತುಂಬ ದೊಡ್ಡವು. ಅಡುಗೆಮನೆಯ ಮೇಜಿನ ಮೇಲೆ ಚಹಾದ ಕೆಟಲ್, ಹಿಡಿಯಿಲ್ಲದ ಬಟ್ಟಲುಗಳು, ಒಣದ್ರಾಕ್ಷಿ, ತಮ್ಮ ಹಿತ್ತಲಿನ ಏಪ್ರಿಕಾಟ್ ಹಣ್ಣು ಎಲ್ಲವನ್ನೂ ಅಚ್ಚುಕಟ್ಟಾಗಿ ಜೋಡಿಸಿಟ್ಟು, ಆಮೇಲೆ ಆ ಎರಡು ಕೈಗಳನ್ನೂ ತೊಡೆಯ ಕೆಳಗೆ ಸಿಕ್ಕಿಸಿಕೊಂಡು ಕೂತುಬಿಡುತ್ತಿದ್ದರು. ತಗೊಳ್ಳಿ ಎನ್ನುತ್ತಿರಲಿಲ್ಲ. ಬೇಕಾದವರು ಹಾಕಿಕೊಳ್ಳಬೇಕು, ಬೇಡದವರು ಎದ್ದು ಬರಬೇಕು. ಮೊದಲ ಸಲ ಹೋದಾಗ ನಾನು ಒಣಗಿದ ಬಾಯಲ್ಲೇ ವಾಪಸು ಬಂದೆ. ಮೈಸೂರಿನವಳು ನಾನು, ಎರಡು ಮೂರು ಸಲ ಬಲವಂತ ಮಾಡಿಸಿಕೊಳ್ಳದೆ ಯಾರ ಮನೆಯಲ್ಲಾದರೂ ತಟ್ಟೆಗೆ ಕೈ ಹಾಕುವುದುಂಟೇ? ಇದೆಂಥ ಉಪಚಾರವಪ್ಪಾ ಎಂದು ಗಂಡನ ಮುಂದೆ ಗೊಣಗಿದ್ದೆ.

ಎಪ್ಪತ್ತರ ದಶಕದ ನಡುಭಾಗ. ಅಮೆರಿಕದ ಸ್ಯಾನ್ ಡಿಯೇಗೊದ ರಾಂಚೊ ಬರ್ನಾರ್ಡೊ ಬಡಾವಣೆಯಲ್ಲಿ ನಮ್ಮ ಪಕ್ಕದ ಮನೆ ಅವರದು. ನಾನು ದಿನಾ ಲಾ ಹೋಯಾದ ಲ್ಯಾಬಿಗೆ ಡ್ರೈವ್ ಮಾಡಿಕೊಂಡು ಹೋಗಿ, ಸಂಜೆ ಬಂದು ಅಡುಗೆಗೆ ನಿಲ್ಲುತ್ತಿದ್ದ ಕಾಲ. ಸದಾ ಸುಸ್ತು. ಮೇಷ್ಟ್ರು ರಿಟೈರಾದವರು, ಒಂಟಿ. ಸೋವಿಯತ್ ಒಕ್ಕೂಟದ ಉಜ್ಬೇಕ್ ನಾಡಿನವರು, ಮುಸ್ಲಿಮರು. ಅಲ್ಲಿ ಹುಡುಗರಿಗೆ ಪಾಠ ಹೇಳುತ್ತಿದ್ದವರನ್ನು ಯುದ್ಧಕ್ಕೆ ಕಳಿಸಿದರಂತೆ, ಜರ್ಮನರು ಸೆರೆಹಿಡಿದರಂತೆ. ಯುದ್ಧ ಮುಗಿದ ಮೇಲೆ ಊರಿಗೆ ಹೋದರೆ ಸೆರೆಸಿಕ್ಕಿದ್ದೇ ದ್ರೋಹವಾಗುತ್ತದೆಂದು ಹೆದರಿ, ಟರ್ಕಿ ಸುತ್ತಿ ಇಲ್ಲಿಗೆ ಬಂದವರು. ಪಾಠ ಹೇಳುತ್ತಿದ್ದರು ಎಂದು ಗೊತ್ತಾದ ದಿನದಿಂದ ನಮ್ಮ ಮನೆಯಲ್ಲಿ ಅವರು ಮೇಷ್ಟ್ರೇ.

ಸ್ಯಾನ್ ಡಿಯೇಗೊದ ಆ ಬಿಸಿಲಲ್ಲೂ ಅವರ ಮನೆಯ ಪರದೆಗಳು ದಿನಕ್ಕೆ ಐದು ಸಲ ಮುಚ್ಚಿಕೊಳ್ಳುತ್ತಿದ್ದವು. ಜೊತೆಗೆ ಟಿವಿ ಜೋರಾಗುತ್ತಿತ್ತು. ನಮಾಜಿನ ಹೊತ್ತು ಅದು. ಇಲ್ಲಿ ಯಾರು ಮೇಷ್ಟ್ರೇ ಕದ್ದು ಕೇಳುವವರು, ಈ ಬೀದಿಯಲ್ಲಿ ನಾಯಿಯೂ ಬೊಗಳುವುದಿಲ್ಲವಲ್ಲ ಎಂದು ಒಮ್ಮೆ ರೇಗಿಸಿದೆ. ಅವರು ನಗಲಿಲ್ಲ.

"ಹೆದರಿ ಹೆದರಿ ಸುಸ್ತಾಗಿಹೋಗಿದೆ. ಆದರೆ ನಿಲ್ಲಿಸುವುದು ಹೇಗೆ ಅಂತ ಯಾರೂ ಹೇಳಿಕೊಡಲಿಲ್ಲ," ಎಂದರು.

ಊರಿನ ಮಾತು ತೆಗೆದರೆ ಹೇಳುತ್ತಿದ್ದರು, ಆದರೆ ಯಾರದೋ ಮನೆಯ ಸುದ್ದಿ ಹೇಳಿದಂತೆ. ಮಸೀದಿಯಲ್ಲಿ ಹತ್ತಿ ಮೂಟೆ ತುಂಬಿದರಂತೆ. ಓದುವ ಅಕ್ಷರವನ್ನೇ ಎರಡು ಸಲ ಬದಲಾಯಿಸಿದರಂತೆ; ಅಜ್ಜ ಓದುತ್ತಿದ್ದ ಪುಸ್ತಕ ಮೊಮ್ಮಗನಿಗೆ ಇರುವೆ ಸಾಲು. ದೇವರಿಲ್ಲ ಎಂದು ಭಾಷಣ ಮಾಡುತ್ತಿದ್ದ ಪಕ್ಷದ ದೊಡ್ಡ ಮನುಷ್ಯರ ಮನೆಯಲ್ಲೂ ಯಾರಾದರೂ ಸತ್ತರೆ ಹಿಂಬಾಗಿಲಿನಿಂದ ಮುಲ್ಲಾ ಬರಬೇಕು. ಅದನ್ನು ಹೇಳುವಾಗ ಮಾತ್ರ ಮೇಷ್ಟ್ರ ಮೀಸೆ ಸ್ವಲ್ಪ ಅಲುಗುತ್ತಿತ್ತು.

ಆ ವರ್ಷ ರಾಯಚೂರಿನಿಂದ ನಮ್ಮ ಅತ್ತೆ ಬಂದರು. ಮಹಾ ಮಡಿವಂತೆ. ಕುಡಿಯುವ ನೀರು ತಾವೇ ಹಿಡಿದುಕೊಳ್ಳಬೇಕು, ನಾನು ಆಫೀಸಿನ ಬಟ್ಟೆಯಲ್ಲಿ ಕೊಟ್ಟರೆ ಮುಟ್ಟುವುದಿಲ್ಲ. ಏಕಾದಶಿ ಬಂತೆಂದರೆ ನಿಟ್ಟುಪವಾಸ, ಹನಿ ನೀರೂ ಇಲ್ಲ; ಮಾರನೆಯ ಬೆಳಿಗ್ಗೆ ಪಾರಣೆಯಾಗುವವರೆಗೆ ಹಾಗೇ. ನನಗೋ ಅದೂ ಒಂದು ಸುಸ್ತು. ಆದರೆ ಅತ್ತೆ ನಿಜಾಮರ ಕಾಲದಲ್ಲಿ ಬೆಳೆದವರು, ಉರ್ದು ಚೆನ್ನಾಗಿ ಬರುತ್ತಿತ್ತು. ಮೇಷ್ಟ್ರ ಊರಿನ ಕಡೆ ಪಾರಸಿಯೂ ಆಡುತ್ತಿದ್ದರಂತೆ; ಆ ಪಾರಸಿ, ಅತ್ತೆಯ ಉರ್ದು ಅಲ್ಲಲ್ಲಿ ತಾಳೆಯಾಗುತ್ತಿದ್ದವು. ಬೇಲಿಯ ಆಚೆ ಈಚೆ ನಿಂತು ಇಬ್ಬರೂ ಕಿತಾಬು, ಅನಾರು, ದುನಿಯಾ ಎಂದು ಹರಟುವುದನ್ನು ನೋಡಿ ನಾನು ಬೆರಗಾಗಿದ್ದೆ.

ಒಂದು ಏಕಾದಶಿಯ ಸಂಜೆ ಮೇಷ್ಟ್ರು ನಮ್ಮ ಮನೆಗೆ ಬಂದರು. ನಾನು ಕಾಫಿ, ಚಕ್ಕುಲಿ ಇಟ್ಟು, ಅಭ್ಯಾಸದಂತೆ, ತಗೊಳ್ಳಿ ತಗೊಳ್ಳಿ ಎಂದು ಪ್ರಾಣ ಹಿಂಡುತ್ತಿದ್ದೆ. ಅಮ್ಮ ತಗೊಳ್ಳುವುದಿಲ್ಲವೇ ಎಂದು ಅವರು ಕೇಳಿದರು. ನನಗೆ ಇವತ್ತು ರೋಜಾ, ನೀರೂ ಕುಡಿಯುವುದಿಲ್ಲ ಎಂದರು ಅತ್ತೆ. ಮೇಷ್ಟ್ರು ತುಟಿಗೆ ತಂದ ಲೋಟವನ್ನು ಕೆಳಗಿಟ್ಟರು. ಆಮೇಲೆ ಮಾತಾಡಿದರು. ಉರ್ದು, ಪಾರಸಿ, ಇಂಗ್ಲಿಷು ಬೆರೆತ ಮಾತು. ಅರ್ಧ ಅತ್ತೆಗೆ ತಿಳಿಯಿತು, ಅರ್ಧ ನನಗೆ.

ರಂಜಾನ್ ತಿಂಗಳಲ್ಲಿ ಶಾಲೆಗೆ ಮೇಲಿನವರಿಂದ ಅಪ್ಪಣೆ ಬರುತ್ತಿತ್ತಂತೆ. ಮಕ್ಕಳು ಉಪವಾಸ ಮಾಡಬಾರದು. ಬೆಳಿಗ್ಗೆ ಸಾಲಾಗಿ ನಿಲ್ಲಿಸಿ ಪ್ರತಿಯೊಬ್ಬರಿಗೂ ಮೇಷ್ಟ್ರೇ ಒಂದು ಗುಟುಕು ನೀರು ಕುಡಿಸಬೇಕು. ಪಕ್ಕದಲ್ಲಿ ತನಿಖೆಯವನು ನಿಂತಿರುತ್ತಿದ್ದ. ಒಬ್ಬ ಪುಟ್ಟ ಹುಡುಗಿ ನೀರನ್ನು ನುಂಗದೆ ಕೆನ್ನೆಯಲ್ಲಿ ಇಟ್ಟುಕೊಂಡಳು, ಗೇಟಿನಾಚೆ ಉಗುಳೋಣವೆಂದು. ಮೇಷ್ಟ್ರು ನೋಡಿದರು. ತನಿಖೆಯವನೂ ನೋಡಿದ.

"ನಿನ್ನ ಹೆಸರು ಹೇಳು ಎಂದೆ. ನುಂಗದೆ ಹೇಳುವುದು ಹೇಗೆ? ನುಂಗಿದಳು, ಹೇಳಿದಳು. ಅವಳ ಹೆಸರು ನನಗೆ ಮೊದಲೇ ಗೊತ್ತಿತ್ತು," ಎಂದರು ಮೇಷ್ಟ್ರು.

ಅಂದಿನಿಂದ ಯಾರಿಗೂ ತಿನ್ನು, ಕುಡಿ ಎನ್ನಲು ಬಾಯಿ ಬಂದಿಲ್ಲವಂತೆ. ಉಪವಾಸವಿದ್ದವರಿಗೆ ಹೊತ್ತಿಗೆ ಸರಿಯಾಗಿ ನೀರು ಕೊಡುವುದು ಅವರಲ್ಲಿ ದೊಡ್ಡ ಪುಣ್ಯ. ಆ ಕೆಲಸ ಒಂದು ಸಲವಾದರೂ ಈ ಕೈಯಿಂದ ಆಗಬೇಕಿತ್ತು ಎಂದರು. ಉಪವಾಸ ಯಾವಾಗ ಬಿಡುತ್ತೀರಿ ಎಂದು ಮೇಷ್ಟ್ರು ಕೇಳಿದ್ದಕ್ಕೆ, ನಾಳೆ ಬೆಳಿಗ್ಗೆ ಸೂರ್ಯ ಹುಟ್ಟಿದ ಮೇಲೆ ಎಂದರು ಅತ್ತೆ.

ಬೆಳಿಗ್ಗೆ ಬೆಲ್ ಆಯಿತು. ಬಾಗಿಲಲ್ಲಿ ಮೇಷ್ಟ್ರು, ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು. ಒಂದು ಕೈಯಲ್ಲಿ ಏಪ್ರಿಕಾಟ್ ಹಣ್ಣಿನ ತಟ್ಟೆ, ಇನ್ನೊಂದರಲ್ಲಿ ಬಟ್ಟಲು ನೀರು. ಅತ್ತೆಯ ಪೂಜೆ ಮುಗಿದಿತ್ತು, ತೀರ್ಥ ತೆಗೆದುಕೊಂಡಿದ್ದರು. ಮಡಿಯಲ್ಲಿ ಹಿಡಿದಿಟ್ಟ ತಂಬಿಗೆ ನೀರು ಅಡುಗೆಮನೆಯಲ್ಲಿ ಕಾದಿತ್ತು. ಸೊಸೆಯ ಕೈಯ ನೀರನ್ನೇ ಕುಡಿಯದ ಹೆಂಗಸು ಇವರ ನೀರನ್ನು ಕುಡಿಯುತ್ತಾರೆಯೇ? ಬೇಡವೆಂದರೆ ಈ ಮನುಷ್ಯ ಇನ್ನು ಜನ್ಮದಲ್ಲಿ ಯಾರಿಗೂ ಕೈ ಚಾಚುವುದಿಲ್ಲ. ಹಣ್ಣು ತಗೊಂಡರೆ ಸಾಕಪ್ಪಾ, ಹಣ್ಣಿಗೆ ಮೈಲಿಗೆಯಿಲ್ಲ ಎಂದು ನಾನು ಮನಸ್ಸಿನಲ್ಲೇ ದೇವರಿಗೆ ಕೈಮುಗಿದೆ.

ಅತ್ತೆ ಒದ್ದೆ ಸೆರಗಿನಲ್ಲೇ ಬಾಗಿಲಿಗೆ ಬಂದರು. ಮೇಷ್ಟ್ರು ಬಟ್ಟಲು ಹಿಡಿದು ಸುಮ್ಮನೆ ನಿಂತಿದ್ದರು.

ಅತ್ತೆ ಹೇಳಿದ್ದು ಉರ್ದುವಿನಲ್ಲಿ, ಆದರೆ ನನ್ನ ಕಿವಿಗೆ ಅದು ಅವರ ರಾಯಚೂರು ಕನ್ನಡದಂತೆಯೇ ಕೇಳಿಸಿತು. "ಸುಮ್ನ ನಿಂತ್ರ ಹೆಂಗ್ರಿ ಮಾಸ್ತರ? ಕುಡೀರಿ ಅಂತ ಬಾಯಿಬಿಟ್ಟು ಹೇಳ್ರಿ."

"ಕುಡಿಯಿರಿ," ಎಂದರು ಮೇಷ್ಟ್ರು.

ಅತ್ತೆ ಬಟ್ಟಲನ್ನು ಎರಡೂ ಕೈಯಲ್ಲಿ ಇಸಿದುಕೊಂಡು ಎತ್ತಿ ಕುಡಿದರು, ಒಂದು ಗುಟುಕಲ್ಲ, ಪೂರ್ತಿ. ಸೆರಗಿನಿಂದ ಬಾಯಿ ಒರೆಸಿಕೊಂಡರು. ಆಮೇಲೆ, ಯಾರೂ ಕೇಳದೆಯೇ, "ನನ್ನ ಹೆಸರು ಸುಂದರಾಬಾಯಿ," ಎಂದರು.

ಮೇಷ್ಟ್ರು ಅಲ್ಲೇ ಮೆಟ್ಟಿಲ ಮೇಲೆ ಕೂತು ಅತ್ತರು. ನಾನು ಒಳಗೆ ಹೋಗಿ ಕಣ್ಣೊರೆಸಿಕೊಂಡೆ. ನಮ್ಮತ್ತೆ ಮಾತ್ರ ಹಣ್ಣು ತೊಳೆಯುತ್ತ, ಲ್ಯಾಬಿಗೆ ಹೊತ್ತಾಗಲಿಲ್ಲವೇ ಎಂದು ನನ್ನನ್ನು ಗದರಿದರು.

ಅತ್ತೆ ಊರಿಗೆ ಹೋದ ಮೇಲೆ ಮೇಷ್ಟ್ರು ಬೇಲಿಯ ಹತ್ತಿರ ನಿಂತು, ಇನ್ನು ಮುಂದಿನ ರೋಜಾ ಯಾವಾಗ ಎಂದು ಕೇಳಿದರು. ಬಾಯಿತಪ್ಪಿ, ಬರುವ ಗುರುವಾರ ಏಕಾದಶಿ, ನನಗೆ ರೋಜಾ ಎಂದುಬಿಟ್ಟೆ. ಜನ್ಮದಲ್ಲಿ ಒಂದು ಹೊತ್ತು ಊಟ ಬಿಟ್ಟವಳಲ್ಲ. ಹೇಳಿದ ತಪ್ಪಿಗೆ ಮಾಡಬೇಕಾಯಿತು. ಆಮೇಲೆ ವರ್ಷಗಟ್ಟಲೆ ಮಾಡಿದೆ. ದೇವರ ಭಕ್ತಿಯಿಂದಲ್ಲ, ಆ ಕೈಗೆ ಒಬ್ಬರು ಬೇಕಾಗಿದ್ದರಲ್ಲ, ಅದಕ್ಕೆ. ಒಣ ಗಂಟಲಲ್ಲಿ ಫ್ರೀವೇ ಟ್ರಾಫಿಕ್ಕಿನಲ್ಲಿ ಕೂತು ಮೇಷ್ಟ್ರನ್ನು ಶಪಿಸಿದ್ದೂ ಉಂಟು. ಮಾರನೆಯ ಬೆಳಿಗ್ಗೆ ತಪ್ಪದೆ ಬೆಲ್ ಆಗುತ್ತಿತ್ತು. ಕುಡಿಯಿರಿ ಎನ್ನುತ್ತಿದ್ದರು. ಆ ಮಾತು ಬರಬರುತ್ತ ಸಲೀಸಾಯಿತು. ನಮಾಜಿನ ಹೊತ್ತಿಗೆ ಪರದೆ ಮಾತ್ರ ಕೊನೆಯವರೆಗೂ ತೆರೆಯಲಿಲ್ಲ.

ಎಂಬತ್ತರ ದಶಕದ ಮೊದಲಲ್ಲಿ ಮೇಷ್ಟ್ರು ಎದೆನೋವಿನಿಂದ ತೀರಿಕೊಂಡರು. ಅವರಿಗೆ ತಮ್ಮವರು ಯಾರೂ ಇಲ್ಲದ್ದರಿಂದ ನಮ್ಮ ಯಜಮಾನರೇ ಫೋನ್ ಮಾಡಿ ಲಾಸ್ ಏಂಜಲೀಸಿನಿಂದ ನಾಲ್ಕಾರು ಜನ ಮುಸ್ಲಿಮರನ್ನು ಕರೆಸಿದರು. ಬಟಾಬಯಲಲ್ಲಿ, ಬಿಸಿಲಲ್ಲಿ, ಗಟ್ಟಿಯಾಗಿ ಪ್ರಾರ್ಥನೆ ಹೇಳಿ ಮಣ್ಣು ಮಾಡಿದರು.

ಆ ವಾರವೇ ಏಕಾದಶಿ ಬಂತು. ಯಾಕೋ ಉಪವಾಸ ಮಾಡಿಬಿಟ್ಟೆ. ಬೆಳಿಗ್ಗೆ ಕೆಲಸಕ್ಕೆ ರಜೆ ಹೇಳಿ, ಬಾಗಿಲು ತೆರೆದಿಟ್ಟು ಕೂತೆ. ಬಿಸಿಲು ಮೆಟ್ಟಿಲು ಹತ್ತಿ ಒಳಗೆ ಬಂತು. ಮಧ್ಯಾಹ್ನವಾಗುತ್ತ ಬಂದಾಗ ಎದ್ದು, ನಲ್ಲಿ ತಿರುಗಿಸಿ, ನಾನೇ ಹಿಡಿದುಕೊಂಡು ಕುಡಿದೆ.